ಕಿಟಕಿಯ ಇಪ್ಪತ್ತು ವರ್ಷ

ನಮ್ಮ ಮನೆಯ ಹಳೆಯ ತಗಡಿನ ಪೆಟ್ಟಿಗೆಯೊಂದರಲ್ಲಿ ಕೆಂಪು ದಾರ ಸುತ್ತಿದ ಕಾಗದದ ಕಟ್ಟೊಂದಿದೆ. ಮದುವೆಯ ಪತ್ರಿಕೆಗಳು, ಜಾತಕಗಳು, ಮನೆಯ ಖರೀದಿ ಪತ್ರ ಇವುಗಳ ನಡುವೆ ಅದು ಆರು ದಶಕಗಳಿಂದ ಕುಳಿತಿದೆ. ದಾವೆಯ ಅರ್ಜಿ, ತಾತ್ಕಾಲಿಕ ತಡೆಯಾಜ್ಞೆಯ ಅರ್ಜಿ, ಕೋರ್ಟಿನ ಕಮಿಷನರು ಬಂದು ಬರೆದ ನಕ್ಷೆ, ಇಬ್ಬರು ಸಾಕ್ಷಿಗಳ ಹೇಳಿಕೆಯ ನಕಲು, ಕೊನೆಗೆ ಒಂಬತ್ತು ಪುಟಗಳ ತೀರ್ಪು. ವಾದಿ ನನ್ನ ತಂದೆ. ಪ್ರತಿವಾದಿ ನಮ್ಮ ಪಕ್ಕದ ಮನೆಯವರು. ವ್ಯಾಜ್ಯದ ವಸ್ತು ಮೂರು ಅಡಿ ಅಗಲ, ನಾಲ್ಕು ಅಡಿ ಎತ್ತರದ ಒಂದು ಕಿಟಕಿ. ವರ್ಷ 1961.

ಇತಿಹಾಸವೆಂದರೆ ರಾಜರ ಕಥೆಯೆಂದು ಓದಿ ಬೆಳೆದವನು ನಾನು. ಎರಡು ಮನೆಗಳ ನಡುವಿನ ಗೋಡೆಗೂ ಒಂದು ಇತಿಹಾಸ ಇರಬಹುದೆಂಬುದು ಈ ಕಟ್ಟನ್ನು ಬಿಚ್ಚಿ ಓದಿದ ಮೇಲೆಯೇ ನನಗೆ ಹೊಳೆದದ್ದು. ಆ ಕುತೂಹಲದಿಂದ ನಾನು ಕೆದಕಿ ನೋಡಿದ ಕೆಲವು ಸಂಗತಿಗಳನ್ನು ಇಲ್ಲಿ ಹೇಳುತ್ತೇನೆ. ನಾನು ವಕೀಲನಲ್ಲ, ವಾದಿಯ ಮಗ. ಅದನ್ನು ನೆನಪಿಟ್ಟುಕೊಂಡೇ ಕೇಳಬೇಕು.

ನಮ್ಮದು ಹಿಂದೆ ಮುಂಬಯಿ ಪ್ರಾಂತ್ಯಕ್ಕೆ ಸೇರಿದ್ದ ಒಂದು ತಾಲೂಕು ಪಟ್ಟಣ. ಆ ಮನೆಯನ್ನು ತಂದೆ 1949ರಲ್ಲಿ ಕೊಂಡರು. ಮಣ್ಣಿನ ಮಾಳಿಗೆಯ ಮನೆ. ಉದ್ದಕ್ಕೆ ರೈಲುಗಾಡಿಯಂತೆ ಒಂದರ ಹಿಂದೊಂದು ಕೋಣೆ. ನಡುವಿನ ಕೋಣೆಗೆ ಬೆಳಕು ಬರುತ್ತಿದ್ದುದು ಪೂರ್ವದ ಆ ಒಂದು ಕಿಟಕಿಯಿಂದ. ತಂದೆ ಶಾಲೆಯ ಮಾಸ್ತರರು. ಬೆಳಿಗ್ಗೆ ಆರರಿಂದ ಎಂಟರವರೆಗೆ ಅಲ್ಲಿ ಕುಳಿತು ಓದುವುದು ಅವರ ಪೂಜೆ. ಕಿಟಕಿಯಾಚೆ ನಮ್ಮದೇ ಮೂರು ಅಡಿಯ ಓಣಿ, ಅದರಾಚೆ ಪಕ್ಕದವರ ಖಾಲಿ ಹಿತ್ತಿಲು. 1961ರ ಬೇಸಗೆಯಲ್ಲಿ ಆ ಹಿತ್ತಿಲಿಗೆ ಕಲ್ಲು ಬಂದು ಬಿದ್ದವು. ಹಿರಿಯ ಮಗನ ಮದುವೆಯಾಗಿತ್ತು, ಕೋಣೆ ಬೇಕಾಗಿತ್ತು. ಪುರಸಭೆಯ ನಿಯಮದಂತೆ ಎಲ್ಲೆಯಿಂದ ಮೂರು ಅಡಿ ಬಿಡಬೇಕಾಗಿದ್ದ ಜಾಗದಲ್ಲಿ ಒಂದು ಅಂಗುಲವನ್ನೂ ಬಿಡದೆ ಅವರು ಅಸ್ತಿವಾರ ತೋಡಿಸಿದರು. ತಂದೆ ಹೋಗಿ ಮಾತನಾಡಿದರು. ಮಾತು ಎರಡನೆಯ ದಿನವೇ ಮುರಿಯಿತು. ಅಂದಿನಿಂದ ಕೆಲಸ ನಡೆಯುವ ಸದ್ದು, ತಂದೆ ಉಗುಳು ನುಂಗುವ ಸದ್ದು ಇವೆರಡೇ ನನ್ನ ನೆನಪಿನಲ್ಲಿವೆ.

ಗೋಡೆ ಏಳುವುದಕ್ಕೆ ಮೊದಲೇ ಅದನ್ನು ನಿಲ್ಲಿಸುವುದು ಹೇಗೆ? ಎದ್ದ ಗೋಡೆಯನ್ನು ಕೆಡವಿಸುವುದು ಕಷ್ಟ; ಏಳದ ಗೋಡೆಯಿಂದ ನಷ್ಟವಾಗಿದೆಯೆಂದು ತೋರಿಸುವುದು ಇನ್ನೂ ಕಷ್ಟ. ಈ ಇಕ್ಕಟ್ಟು ನಮ್ಮ ಓಣಿಯದಷ್ಟೇ ಅಲ್ಲ. ಪ್ರಾಚೀನ ರೋಮಿನವರು ಇದಕ್ಕೊಂದು ಸೊಗಸಾದ ಉಪಾಯ ಕಂಡುಕೊಂಡಿದ್ದರು. ನೆರೆಯವನು ಹೊಸದಾಗಿ ಕಟ್ಟತೊಡಗಿದರೆ ಬಾಧಿತನಾದವನು ಕೆಲಸ ನಡೆಯುವ ಸ್ಥಳಕ್ಕೇ ಹೋಗಿ, ಬಾಯಿಮಾತಿನಲ್ಲಿ ತಡೆ ಸಾರಬಹುದಾಗಿತ್ತು. ಆ ಕಟ್ಟಡದತ್ತ ಒಂದು ಹರಳುಕಲ್ಲನ್ನು ಎಸೆದರೂ ಸಾಕಿತ್ತು. ಆ ಹರಳು ಬಿದ್ದಮೇಲೆ ಕಟ್ಟುವವನು ಕೈ ನಿಲ್ಲಿಸಬೇಕು. ಇಲ್ಲವೇ, ತಾನು ಸೋತರೆ ಕೆಡವಿಕೊಡುತ್ತೇನೆಂದು ಜಾಮೀನು ಕೊಟ್ಟು ಮುಂದುವರಿಯಬೇಕು. ಎರಡನ್ನೂ ಮಾಡದೆ ಕಟ್ಟಿದರೆ, ಹಕ್ಕು ಯಾರದೆಂಬ ವಿಚಾರಣೆಗೂ ಮೊದಲೇ, ಕಟ್ಟಿದ್ದನ್ನು ಕೆಡವಬೇಕೆಂದು ಅಲ್ಲಿನ ನ್ಯಾಯಾಧಿಕಾರಿ ಆಜ್ಞೆ ಮಾಡುತ್ತಿದ್ದ. ಒಂದು ಹರಳು! ನಮ್ಮ ತಂದೆಗೆ ಹತ್ತೊಂಬತ್ತು ಪುಟದ ಅರ್ಜಿ, ಪ್ರಮಾಣಪತ್ರ, ಕೋರ್ಟ್ ಫೀ ಸ್ಟಾಂಪು ಬೇಕಾದವು.

ನಮ್ಮ ದೇಶದಲ್ಲಿಯೂ ಈ ವಿಚಾರ ಹಳೆಯದು. 1909ರಲ್ಲಿ ಮೈಸೂರಿನ ಆರ್. ಶಾಮಶಾಸ್ತ್ರಿಗಳು ಪ್ರಕಟಿಸಿ ಲೋಕಕ್ಕೆ ಮರಳಿ ಕೊಟ್ಟ ಕೌಟಿಲ್ಯನ ಅರ್ಥಶಾಸ್ತ್ರವೆಂದರೆ ಎಲ್ಲರಿಗೂ ಗೂಢಚಾರರು, ಕೋಟೆಗಳು ನೆನಪಾಗುತ್ತವೆ. ಅದರ ಮೂರನೆಯ ಅಧಿಕರಣದಲ್ಲಿ ಮನೆ, ಹೊಲ, ತೋಟ, ಕೆರೆಗಳ ವ್ಯಾಜ್ಯದ ಪ್ರಕರಣವಿದೆ. ನೆರೆಯವನ ಗೋಡೆಯಿಂದ ಎಷ್ಟು ಮೊಳ ಬಿಟ್ಟು ಅಸ್ತಿವಾರ ಹಾಕಬೇಕು, ಬಚ್ಚಲ ನೀರಿನ ಕಾಲುವೆ ಎಷ್ಟು ದೂರವಿರಬೇಕು, ಎರಡು ಮನೆಗಳ ಸೂರುಗಳ ನಡುವೆ ಎಷ್ಟು ಅಂಗುಲ ಅಂತರವಿರಬೇಕು ಎಂಬುದೆಲ್ಲ ಅಲ್ಲಿದೆ. ಹೆರಿಗೆಯ ಹತ್ತು ದಿನಗಳ ಮಟ್ಟಿಗೆ ಮಾಡಿಕೊಳ್ಳುವ ತಾತ್ಕಾಲಿಕ ಏರ್ಪಾಡಿಗೆ ಮಾತ್ರ ವಿನಾಯಿತಿ. ರಾಜನೀತಿಯ ಅಷ್ಟು ಕಠೋರ ಗ್ರಂಥದಲ್ಲಿ ಬಾಣಂತಿಗೊಂದು ರಿಯಾಯಿತಿ ಕಂಡು ನನಗೆ ಕೌಟಿಲ್ಯನ ಮೇಲೆ ಸ್ವಲ್ಪ ಪ್ರೀತಿ ಹುಟ್ಟಿತು. ಇಂಥ ವ್ಯಾಜ್ಯಗಳು ಅಕ್ಕಪಕ್ಕದವರ ಸಾಕ್ಷ್ಯದ ಮೇಲೆ ತೀರ್ಮಾನವಾಗಬೇಕು ಎಂಬುದು ಆತನ ಮೊದಲ ಮಾತು. ಮನೆಯ ಒಡೆಯರು ಪರಸ್ಪರ ಒಪ್ಪಿಕೊಂಡು ಇಷ್ಟವಾದಂತೆ ಕಟ್ಟಿಕೊಳ್ಳಬಹುದು, ಅನಿಷ್ಟವನ್ನು ತಡೆಯಬಹುದು ಎಂಬ ಸಡಿಲಿಕೆಯೂ ಉಂಟು.

ನೆರೆಯವರ ಜಗಳದ ಅತ್ಯಂತ ಸ್ವಾರಸ್ಯವಾದ ದಾಖಲೆ ಉಳಿದಿರುವುದು ಲಂಡನ್ನಿನಲ್ಲಿ. ಅಲ್ಲಿ ಮೇಯರ್ ಮತ್ತು ನಗರದ ಹಿರಿಯರು ಇಂಥ ದೂರುಗಳನ್ನು ಕೇಳಲು ಜಾಗಕ್ಕೇ ಹೋಗುತ್ತಿದ್ದರು. ಪ್ರಮಾಣ ಮಾಡಿದ ಕಲ್ಲುಕುಟಿಗರು, ಬಡಗಿಗಳು ಸ್ಥಳ ನೋಡಿ ಅಭಿಪ್ರಾಯ ಕೊಡುತ್ತಿದ್ದರು. 1301ರಿಂದ 1431ರವರೆಗಿನ ಈ ದೂರುಗಳ ಸುರುಳಿಗಳು ಇಂದಿಗೂ ಉಳಿದಿವೆ. ಸೋರುವ ತೂಬು, ನಾರುವ ಕಕ್ಕಸು, ವಾಲಿದ ಗೋಡೆ, ಇಣುಕುವ ಕಿಟಕಿ. ಏಳುನೂರು ವರ್ಷಗಳಲ್ಲಿ ಮನುಷ್ಯನ ತಕರಾರುಗಳ ಪಟ್ಟಿ ಒಂದಿಷ್ಟೂ ಬೆಳೆದಿಲ್ಲ. ನಡುಗೋಡೆ ಕಟ್ಟುವುದಾದರೆ ಇಬ್ಬರೂ ಒಂದೂವರೆ ಅಡಿ ನೆಲ ಬಿಟ್ಟು, ಮೂರಡಿ ದಪ್ಪದ, ಹದಿನಾರು ಅಡಿ ಎತ್ತರದ ಕಲ್ಲಿನ ಗೋಡೆ ಕಟ್ಟಬೇಕೆಂಬುದು ಅಲ್ಲಿನ ಹಳೆಯ ಕಟ್ಟಳೆ. ಬೆಂಕಿಯ ಭಯದಿಂದ ಹುಟ್ಟಿದ ನಿಯಮವದು. ಹದಿನಾರು ಅಡಿಗಿಂತ ಕೆಳಗೆ ನೆರೆಯವನ ನೆಲದತ್ತ ನೋಡುವ ಕಿಟಕಿ ಇಡಕೂಡದೆಂದೂ ಇತ್ತು. ನ್ಯಾಯಾಧೀಶರೇ ನಡೆದುಬಂದು ಗೋಡೆಯನ್ನು ಕಣ್ಣಾರೆ ನೋಡುವ ಆ ಪದ್ಧತಿ ಏಕೆ ಅಳಿಯಿತೋ ಎಂದು ನನಗೆ ಆಗಾಗ ಅನ್ನಿಸುತ್ತದೆ.

ತಡೆಯಾಜ್ಞೆಯೆಂದು ಇಂದು ನಾವು ಕರೆಯುವ ಅಸ್ತ್ರ ರೂಪುಗೊಂಡದ್ದು ಮುಂದೆ, ಅದೇ ದೇಶದ ಚಾನ್ಸೆರಿ ನ್ಯಾಯಾಲಯದಲ್ಲಿ. ಸಾಮಾನ್ಯ ಕೋರ್ಟುಗಳು ನಷ್ಟಕ್ಕೆ ಹಣ ಕೊಡಿಸಬಲ್ಲವಾಗಿದ್ದವು. ಮಾಡಬೇಡ ಎಂದು ಕೈ ಹಿಡಿಯುವ ಶಕ್ತಿ ಚಾನ್ಸೆರಿಯದು. ಈ ಅಧಿಕಾರಕ್ಕಾಗಿ ಎರಡು ನ್ಯಾಯಾಲಯಗಳ ನಡುವೆಯೇ ಜಗಳವಾಗಿ, 1616ರಲ್ಲಿ ಒಂದನೆಯ ಜೇಮ್ಸ್ ದೊರೆ ಚಾನ್ಸೆರಿಯ ಪರವಾಗಿ ತೀರ್ಮಾನ ಕೊಟ್ಟನು. ಅದಕ್ಕೆ ಆರು ವರ್ಷ ಮೊದಲು, 1610ರಲ್ಲಿ, ಹಂದಿಯ ಗೂಡೊಂದರ ಮೊಕದ್ದಮೆಯಲ್ಲಿ ಅಲ್ಲಿನ ನ್ಯಾಯಾಧೀಶರು ಒಂದು ಸೂಕ್ಷ್ಮವನ್ನು ಎತ್ತಿ ಹೇಳಿದ್ದರು. ಬೆಳಕು, ಶುದ್ಧ ಗಾಳಿ ಇವು ಬದುಕಿಗೆ ಬೇಕಾದವು; ಅವನ್ನು ತಡೆದರೆ ದಾವೆ ನಡೆಯುತ್ತದೆ. ಕಿಟಕಿಯಿಂದ ಕಾಣುವ ನೋಟ ಬರಿಯ ಸಂತೋಷದ ವಿಷಯ. ಅದು ಹೋಯಿತೆಂದು ದಾವೆಯಿಲ್ಲ. ನಮ್ಮ ಕಿಟಕಿಯಿಂದ ಪಕ್ಕದವರ ಹಿತ್ತಿಲಿನ ನುಗ್ಗೆಯ ಮರ ಕಾಣುತ್ತಿತ್ತು. ಅದರ ಬಗೆಗೆ ಅರ್ಜಿಯಲ್ಲಿ ಒಂದಕ್ಷರವೂ ಇಲ್ಲದ್ದು ಏಕೆಂದು ಈಗ ಅರ್ಥವಾಗುತ್ತದೆ.

ಆದರೆ ಬೆಳಕಿನ ಹಕ್ಕು ಹುಟ್ಟುವುದು ಹೇಗೆ? ಇನ್ನೊಬ್ಬನ ನೆಲದ ಮೇಲಿನಿಂದ ಬರುವ ಬೆಳಕು ನನ್ನದಾಗುವುದು ಹೇಗೆ? ಅನುಭೋಗದಿಂದ. 1832ರ ಇಂಗ್ಲಿಷ್ ಶಾಸನ ಇಪ್ಪತ್ತು ವರ್ಷವೆಂದು ಅವಧಿ ಕಟ್ಟಿತು. ಲಂಡನ್ನಿನ ಹಳೆಯ ಕಿಟಕಿಗಳ ಕೆಳಗೆ ‘ಪ್ರಾಚೀನ ಬೆಳಕು’ ಎಂಬ ಅರ್ಥದ ಫಲಕಗಳನ್ನು ತೂಗುಹಾಕುವ ವಾಡಿಕೆ ಬಂತು. ನಮ್ಮಲ್ಲಿ 1882ರ ಈಸ್‌ಮೆಂಟ್ ಕಾಯಿದೆ, ಅಂದರೆ ಅನುಭೋಗದ ಹಕ್ಕುಗಳ ಕಾಯಿದೆ, ಅದೇ ಇಪ್ಪತ್ತನ್ನು ಎತ್ತಿಕೊಂಡಿತು. ಶಾಂತವಾಗಿ, ಬಹಿರಂಗವಾಗಿ, ಅಡ್ಡಿಯಿಲ್ಲದೆ ಇಪ್ಪತ್ತು ವರ್ಷ ಕಿಟಕಿಯೊಂದು ಬೆಳಕು ಕುಡಿದಿದ್ದರೆ ಆ ಬೆಳಕು ಆ ಮನೆಗೆ ಸೇರಿದ್ದು. ಈ ಕಾಯಿದೆ ಮೊದಲು ಜಾರಿಯಾದದ್ದು ಮದರಾಸು ಪ್ರಾಂತ್ಯ, ಮಧ್ಯ ಪ್ರಾಂತ್ಯ, ಕೊಡಗುಗಳಲ್ಲಿ. ಮುಂಬಯಿ ಪ್ರಾಂತ್ಯಕ್ಕೆ 1891ರಲ್ಲಿ ಬಂತು. ಹೀಗೆ ಇಂದು ಒಂದೇ ಆಗಿರುವ ಕನ್ನಡ ನಾಡಿನಲ್ಲಿ, ಮಂಗಳೂರಿನ ಕಿಟಕಿಗೂ ಧಾರವಾಡದ ಕಿಟಕಿಗೂ ಕಾಯಿದೆಯ ರಕ್ಷಣೆ ಸಿಕ್ಕಿದ್ದು ಒಂಬತ್ತು ವರ್ಷಗಳ ಅಂತರದಲ್ಲಿ.

ತಡೆಯಾಜ್ಞೆಯ ವಿಧಿಗಳಿದ್ದುದು 1877ರ ಸ್ಪೆಸಿಫಿಕ್ ರಿಲೀಫ್ ಕಾಯಿದೆಯಲ್ಲಿ; ಮುಂದೆ 1963ರ ಕಾಯಿದೆ ಅದರ ಜಾಗಕ್ಕೆ ಬಂತು. ಹಳೆಯ ಕಾಯಿದೆಯನ್ನು ಬರೆದವರಿಗೆ ಉದಾಹರಣೆ ಕೊಡುವ ಒಳ್ಳೆಯ ಚಟವಿತ್ತು. ಒಬ್ಬನು ಹೊಸ ಕಟ್ಟಡ ಕಟ್ಟಿ ಮತ್ತೊಬ್ಬನ ಹಕ್ಕಿನ ಬೆಳಕನ್ನು ಮುಚ್ಚಿದರೆ, ಕೆಲಸ ನಿಲ್ಲಿಸುವುದಷ್ಟೇ ಅಲ್ಲ, ಬೆಳಕಿಗೆ ಅಡ್ಡವಾದಷ್ಟನ್ನು ಕೆಡವಿಸಲೂಬಹುದು. ಒಬ್ಬನ ಸೂರು ಮತ್ತೊಬ್ಬನ ನೆಲದ ಮೇಲೆ ಚಾಚಿಕೊಂಡರೆ ಚಾಚಿದಷ್ಟನ್ನು ತೆಗೆಸಬಹುದು. ನಮ್ಮ ವಕೀಲರು ಮೊದಲನೆಯ ಉದಾಹರಣೆಯನ್ನು ನೀಲಿ ಪೆನ್ಸಿಲಿನಲ್ಲಿ ಗುರುತುಮಾಡಿ ತಂದೆಗೆ ತೋರಿಸಿದ್ದರಂತೆ. ತಂದೆ ಅಂದು ಬಹಳ ಹಗುರಾಗಿ ಮನೆಗೆ ಬಂದರೆಂದು ತಾಯಿ ಹೇಳುತ್ತಿದ್ದಳು.

ಪ್ರಾಸಂಗಿಕವಾಗಿ ಇನ್ನೊಂದು ಬಗೆಯ ಕಿಟಕಿಯ ಮಾತು. ಬೆಳಕು ಕುಡಿಯುವ ಕಿಟಕಿಯಲ್ಲ, ಇಣುಕಿ ನೋಡುವ ಕಿಟಕಿ. ಇಂಗ್ಲೆಂಡಿನ ಕೋರ್ಟುಗಳು ಇಣುಕು ಕಿಟಕಿಯ ವಿರುದ್ಧ ಪರಿಹಾರ ಕೊಡಲಿಲ್ಲ. ಆದರೆ 1888ರಲ್ಲಿ ಅಲಹಾಬಾದಿನ ಹೈಕೋರ್ಟು, ಹೊಸ ಮನೆಯೊಂದರ ವರಾಂಡ, ಬಾಗಿಲುಗಳಿಂದ ಪಕ್ಕದ ಮನೆಯ ಹೆಂಗಸರಿರುವ ಭಾಗ ಕಾಣುತ್ತಿದ್ದ ಮೊಕದ್ದಮೆಯಲ್ಲಿ, ಆ ಪ್ರಾಂತ್ಯದ ರೂಢಿಯಂತೆ ಏಕಾಂತದ ಹಕ್ಕೊಂದು ಉಂಟೆಂದು ಒಪ್ಪಿತು. ಮುಖ್ಯ ನ್ಯಾಯಮೂರ್ತಿ ಜಾನ್ ಎಡ್ಜ್ ಇಂಗ್ಲೆಂಡಿನಿಂದ ಬಂದವರು. ಆದರೂ ಈ ದೇಶದ ಮನೆಯ ಒಳಗು ಹೊರಗುಗಳನ್ನು ಈ ದೇಶದ ಕಣ್ಣಿನಿಂದಲೇ ನೋಡಬೇಕಾಯಿತು.

ಮರಳಿ ನಮ್ಮ ಓಣಿಗೆ. ಕೋರ್ಟು ತಾತ್ಕಾಲಿಕ ತಡೆಗೆ ಮೂರು ಸಂಗತಿಗಳನ್ನು ನೋಡುತ್ತದೆ. ಮೇಲ್ನೋಟಕ್ಕೆ ವಾದಿಯ ಪಕ್ಷದಲ್ಲಿ ಹುರುಳಿದೆಯೇ. ತಡೆ ಕೊಟ್ಟರೆ ಒಬ್ಬನಿಗಾಗುವ ತೊಂದರೆ, ಕೊಡದಿದ್ದರೆ ಇನ್ನೊಬ್ಬನಿಗಾಗುವ ತೊಂದರೆ ಇವುಗಳಲ್ಲಿ ಯಾವುದು ಹೆಚ್ಚು. ಆಗುವ ಹಾನಿ ಹಣದಿಂದ ತುಂಬಿಬರದಂಥದೇ. 1908ರ ದಿವಾಣಿ ಸಂಹಿತೆಯ ಮೂವತ್ತೊಂಬತ್ತನೆಯ ಆದೇಶದಡಿ ತಂದೆಯ ಅರ್ಜಿ ಹೋಯಿತು. ಎದುರು ಪಕ್ಷಕ್ಕೆ ನೋಟೀಸು ಕೊಡಬೇಕೆಂದಾಯಿತು. ನೋಟೀಸು ಹಿಡಿದು ಬಂದ ಬೇಲಿಫನಿಗೆ ಪಕ್ಕದ ಮನೆಯಿಂದ ಯಜಮಾನರು ಊರಲ್ಲಿಲ್ಲವೆಂಬ ಉತ್ತರ ಎರಡು ಸಲ ಬಂತು. ಎರಡು ಸಲವೂ ಅವರ ಕೆಮ್ಮು ನಮ್ಮ ಮನೆಗೆ ಕೇಳುತ್ತಿತ್ತು. ಯಥಾಸ್ಥಿತಿಯ ಆಜ್ಞೆ ಬರುವ ಹೊತ್ತಿಗೆ ಗೋಡೆ ಕಿಟಕಿಯ ತಲೆಯನ್ನು ಅರ್ಧ ಅಡಿ ಮೀರಿ ನಿಂತಿತ್ತು. ಯಥಾಸ್ಥಿತಿಯೆಂದರೆ ಕತ್ತಲೆ ಇದ್ದಂತೆಯೇ ಇರಲಿ ಎಂದಾಯಿತು. ಕಮಿಷನರಾಗಿ ಬಂದ ತರುಣ ವಕೀಲರು ಟೇಪು ಹಿಡಿದು ಅಳೆದು, ಬೆಳಿಗ್ಗೆ ಹತ್ತು ಗಂಟೆಗೆ ಆ ಕೋಣೆಯಲ್ಲಿ ಪುಸ್ತಕದ ಅಕ್ಷರ ಕಾಣುವುದಿಲ್ಲವೆಂದು ವರದಿಯಲ್ಲಿ ಬರೆದರು. ಅಷ್ಟರಮಟ್ಟಿಗೆ ನಾವು ಗೆದ್ದೆವು.

ಉಳಿದದ್ದು ಇಪ್ಪತ್ತು ವರ್ಷದ ಲೆಕ್ಕ. ತಂದೆ ಮನೆ ಕೊಂಡು ಹನ್ನೆರಡೇ ವರ್ಷ. ಆದರೆ ಹಿಂದಿನ ಒಡೆಯರ ಅನುಭೋಗವೂ ಲೆಕ್ಕಕ್ಕೆ ಬರುತ್ತದೆ. ಹಕ್ಕು ಮನೆಯದು, ಮನುಷ್ಯನದಲ್ಲ. ಕಿಟಕಿ ಯಾವಾಗ ತೆರೆದದ್ದೆಂದು ಬಲ್ಲವರು ಒಬ್ಬರೇ ಬದುಕಿದ್ದರು, ಹಿಂದಿನ ಒಡೆಯರ ವಿಧವೆ. ಅವರನ್ನು ಸಾಕ್ಷಿಗೆ ಕರೆಯುವ ಮೊದಲು ನಮ್ಮ ವಕೀಲರು ಮನೆಗೆ ಬಂದಿದ್ದರು. ಮುದುಕರ ನೆನಪು, ಒಂದೆರಡು ವರ್ಷ ಹಿಂದೆಮುಂದೆ ಆದರೆ ಯಾರೂ ತಪ್ಪೆಣಿಸುವುದಿಲ್ಲ ಎಂದರು. ತಂದೆ ಉತ್ತರ ಕೊಡದೆ ಎದ್ದು ಅವರಿಗೆ ನೀರು ತರಿಸಿದರು. ಆ ಅಜ್ಜಿಯ ಬಳಿಗೆ ಒಮ್ಮೆಯೂ ಹೋಗಲಿಲ್ಲ.

ಸಾಕ್ಷಿಯ ನಕಲು ನನ್ನ ಮುಂದಿದೆ. ಆ ಕೋಣೆ ಬಾಣಂತಿಯ ಕೋಣೆಯಾಗಿತ್ತು. ಕತ್ತಲಲ್ಲಿ ತೊಟ್ಟಿಲ ಕೆಳಗೆ ಚೇಳು ಕಂಡು ಅಂಜಿದೆ. ಹಟ ಹಿಡಿದು ಯಜಮಾನರಿಂದ ಕಿಟಕಿ ಒಡೆಯಿಸಿದೆ. ಆಗ ಮಗುವಿಗೆ ಹಲ್ಲು ಬಂದಿತ್ತು. ಎದುರು ಪಕ್ಷದ ವಕೀಲರು ಮಗ ಹುಟ್ಟಿದ್ದು ಯಾವಾಗ ಎಂದು ಕೇಳಿದರು. ‘ಚಲೇಜಾವ್ ಗದ್ದಲದ ವರ್ಷ’ ಎಂದರು ಆಕೆ. 1942. ಕಿಟಕಿಗೆ ಹದಿನೆಂಟು ವರ್ಷ. ತೀರ್ಪಿನಲ್ಲಿ ನ್ಯಾಯಾಧೀಶರು ಈ ಸಾಕ್ಷಿಯನ್ನು ಪೂರ್ಣವಾಗಿ ನಂಬತಕ್ಕವರೆಂದು ಹೊಗಳಿ, ಅದೇ ಕಾರಣಕ್ಕೆ ದಾವೆಯನ್ನು ವಜಾ ಮಾಡಿದ್ದಾರೆ. ಮೂರು ಅಡಿ ಬಿಡಬೇಕೆಂಬ ನಿಯಮ ಮುರಿದ ಮಾತಿಗೆ ಇಡೀ ತೀರ್ಪಿನಲ್ಲಿ ಐದು ಸಾಲು: ಅದು ಪುರಸಭೆಗೂ ಕಟ್ಟಿದವರಿಗೂ ಸಂಬಂಧಿಸಿದ್ದು, ಅದರಿಂದ ವಾದಿಗೆ ಸ್ವಂತದ ಹಕ್ಕು ಹುಟ್ಟುವುದಿಲ್ಲ. ಪುರಸಭೆ ಒಂದು ಸಣ್ಣ ದಂಡ ಹಾಕಿ ಕೈ ತೊಳೆದುಕೊಂಡಿತು. ಗೆದ್ದವ ಸೋತ, ಸೋತವ ಸತ್ತ ಎಂಬ ಗಾದೆಯನ್ನು ಊರವರು ತಂದೆಗೆ ಬೇಕಾದಷ್ಟು ಸಲ ಹೇಳಿದರು. ಅವರು ಅಪೀಲು ಮಾಡಲಿಲ್ಲ.

ಪಕ್ಕದವರ ಪಕ್ಷವನ್ನೂ ಹೇಳಬೇಕು. ಖಾಲಿ ಹಿತ್ತಿಲಿನವನು ಸುಮ್ಮನಿದ್ದರೆ ಸುತ್ತಲಿನ ಕಿಟಕಿಗಳೆಲ್ಲ ಒಂದು ದಿನ ಅವನ ಮೇಲೆ ಹಕ್ಕು ಸ್ಥಾಪಿಸುತ್ತವೆ. ಎರಡನೆಯ ಮಹಾಯುದ್ಧದ ಬಾಂಬುಗಳು ಲಂಡನ್ನಿನ ಎಷ್ಟೋ ಕಟ್ಟಡಗಳನ್ನು ನೆಲಸಮ ಮಾಡಿದಾಗ ಇದೇ ಆಯಿತು. ಬರಿದಾದ ನಿವೇಶನಗಳ ಮೇಲಿನಿಂದ ನೆರೆಯ ಕಿಟಕಿಗಳಿಗೆ ಹಿಂದೆಂದೂ ಇಲ್ಲದ ಬೆಳಕು ಬರತೊಡಗಿತು. ಇಪ್ಪತ್ತು ವರ್ಷ ತುಂಬಿದರೆ ಆ ನಿವೇಶನಗಳಲ್ಲಿ ಮತ್ತೆ ಕಟ್ಟುವುದೇ ಅಸಾಧ್ಯ. ಹಕ್ಕು ಹುಟ್ಟದಂತೆ ತಡೆಯಲು ಜನ ಸುಮ್ಮನೆ ಹಲಗೆಯ ಪರದೆಗಳನ್ನು ಎತ್ತಿ ನಿಲ್ಲಿಸಬೇಕಾಗುತ್ತಿತ್ತು. 1959ರಲ್ಲಿ ಒಂದು ಶಾಸನ ಮಾಡಿ, ಅವಧಿಯನ್ನು ತಾತ್ಕಾಲಿಕವಾಗಿ 27 ವರ್ಷಕ್ಕೆ ಏರಿಸಿದರು. ಜೊತೆಗೆ, ನಿಜವಾದ ಪರದೆಯ ಬದಲು ಕಾಲ್ಪನಿಕ ಪರದೆಯೊಂದನ್ನು ಸರಕಾರಿ ಪುಸ್ತಕದಲ್ಲಿ ನೋಂದಾಯಿಸಿದರೆ ಸಾಕೆಂದರು. ಕಾಗದದ ಮೇಲೊಂದು ಗೋಡೆ! ನಮ್ಮ ಪಕ್ಕದವರಿಗೆ ಅಂಥದೊಂದು ಸೌಲಭ್ಯವಿದ್ದರೂ ಪ್ರಯೋಜನವಿರಲಿಲ್ಲ. ಅವರಿಗೆ ಬೇಕಾಗಿದ್ದುದು ಮಗ ಸೊಸೆಗೆ ನಿಜವಾದ ಕೋಣೆ.

ಆದರೆ ಆ ಐದು ಸಾಲುಗಳು ನನ್ನನ್ನು ಬಿಡಲಿಲ್ಲ. ಜಾಗ ಬಿಟ್ಟು ಕಟ್ಟಬೇಕೆಂಬ ನಿಯಮಗಳು ಯಾರಿಗಾಗಿ ಹುಟ್ಟಿದವು? 1898ರಲ್ಲಿ ಬೆಂಗಳೂರಿಗೆ ಪ್ಲೇಗು ಬಂದಾಗ ಇಕ್ಕಟ್ಟಾದ ಪೇಟೆಯ ಗಾಳಿ ಬೆಳಕಿಲ್ಲದ ಮನೆಗಳೇ ಕಾರಣವೆಂದರು. ಬಸವನಗುಡಿ, ಮಲ್ಲೇಶ್ವರಗಳ ಅಗಲವಾದ ಬೀದಿಗಳಲ್ಲಿ ಊರು ಉಸಿರಾಡಿತು. ಮೈಸೂರು ನಗರಕ್ಕೆ 1903ರಲ್ಲಿಯೇ ಸುಧಾರಣಾ ಮಂಡಲಿ ಬಂತು. ಬಿಟ್ಟ ಜಾಗ ಪುರಸಭೆಯ ಖಜಾನೆಗಲ್ಲ, ಪಕ್ಕದ ಮನೆಯವನ ಪುಪ್ಪುಸಕ್ಕೆ. ಹಾಗಿರುವಾಗ ಅದನ್ನು ಮುರಿದರೆ ಕೇಳುವ ಹಕ್ಕು ಪಕ್ಕದವನಿಗಿಲ್ಲವೆಂದರೆ ಹೇಗೆ?

ಈ ಪ್ರಶ್ನೆಗೆ ಉತ್ತರ ಬಂದದ್ದು ನಮ್ಮದೇ ನಾಡಿನ ಉಡುಪಿಯಿಂದ. ಅಲ್ಲಿ ನಗರ ಯೋಜನೆಯಂತೆ ವಾಸದ ಮನೆಗಳಿಗೆಂದು ಗುರುತಾದ ಪ್ರದೇಶದಲ್ಲಿ, ಕಲ್ಯಾಣಮಂಟಪ ಮತ್ತು ಉಪನ್ಯಾಸ ಮಂದಿರವೆಂದು ಒಪ್ಪಿಗೆ ಪಡೆದ ಕಟ್ಟಡವನ್ನು ಸಿನಿಮಾ ಮಂದಿರವಾಗಿ ಮಾರ್ಪಡಿಸಲು ಪುರಸಭೆ ಅನುಮತಿ ಕೊಟ್ಟಿತು. ಆ ಪ್ರದೇಶದ ನಿವಾಸಿಯೊಬ್ಬರು ಕೋರ್ಟಿಗೆ ಹೋದರು. ಅನುಮತಿ ಯೋಜನೆಗೆ ವಿರುದ್ಧವೆಂಬುದನ್ನು ಹೈಕೋರ್ಟು ಒಪ್ಪಿತು. ಆದರೂ ಕಟ್ಟಿದವರು ಹಣ ಸುರಿದಿರಬಹುದಾದ್ದರಿಂದ ಅದನ್ನು ಕದಲಿಸುವುದು ಬೇಡವೆಂದಿತು. ನೋಡಿ, ಗೋಡೆಯ ಆ ಹಳೆಯ ವಾದವೇ ಇದು. ನಾನು ಆಗಲೇ ಎದ್ದಿದ್ದೇನೆ, ಇನ್ನೇನು ಮಾಡುತ್ತೀರಿ? 1895ರಲ್ಲಿ ಲಂಡನ್ನಿನ ವಿದ್ಯುತ್ ಕಂಪೆನಿಯೊಂದರ ಯಂತ್ರಗಳ ಅದುರಿಗೆ ಪಕ್ಕದ ಮನೆ ಬಿರುಕುಬಿಟ್ಟ ಮೊಕದ್ದಮೆಯಲ್ಲಿ ಅಲ್ಲಿನ ನ್ಯಾಯಾಧೀಶರು, ತಪ್ಪು ಮಾಡಿದವನು ಹಣವಿದೆಯೆಂದು ನೆರೆಯವನ ಹಕ್ಕನ್ನು ಬಲವಂತದಿಂದ ಕೊಂಡುಕೊಳ್ಳಲಾರ ಎಂಬ ಭಾವದ ಮಾತು ಹೇಳಿದ್ದರು.

ಉಡುಪಿಯ ಪ್ರಕರಣ ಸುಪ್ರೀಂ ಕೋರ್ಟಿಗೆ ಹೋಯಿತು. 1974ರಲ್ಲಿ ಮುಖ್ಯ ನ್ಯಾಯಮೂರ್ತಿ ಎ. ಎನ್. ರಾಯ್ ಅವರ ತೀರ್ಪು ಬಂತು. ಕಾಯಿದೆ ಕೊಡದ ಅಧಿಕಾರವನ್ನು ಯಾರ ಮೌನವೂ, ಯಾರ ಖರ್ಚೂ ಊರ್ಜಿತಗೊಳಿಸಲಾರದು. ಪುರಸಭೆ ಇರುವುದು ಸಾರ್ವಜನಿಕರಿಗಾಗಿ. ಯೋಜನೆ ಜಾರಿಯಾಗುವುದರಲ್ಲಿ ಅಲ್ಲಿನ ನಿವಾಸಿಗಳಿಗೆ ಸ್ವಂತದ ಹಿತವಿದೆ. ಅಕ್ರಮ ಕಟ್ಟಡ ಅವರ ಆಸ್ತಿಯ ಅನುಭೋಗವನ್ನೇ ಬಾಧಿಸುತ್ತದೆ. ಸಿನಿಮಾ ಮಂದಿರದ ಅನುಮತಿ ರದ್ದಾಯಿತು. ಇಲ್ಲಿ ಇಪ್ಪತ್ತು ವರ್ಷದ ಲೆಕ್ಕವಿಲ್ಲ, ಚೇಳಿಲ್ಲ, ತೊಟ್ಟಿಲಿಲ್ಲ. ನಿಯಮ ಮುರಿದದ್ದೇ ನೆರೆಯವನಿಗಾದ ಅನ್ಯಾಯ. ಮುಂದಿನ ಎಷ್ಟೋ ತೀರ್ಪುಗಳು ಈ ಉಡುಪಿಯ ಪ್ರಕರಣವನ್ನು ಆಧಾರವಾಗಿ ಎತ್ತಿಕೊಂಡಿವೆ. ಕಟ್ಟಡಗಳ ನಡುವೆ ಬಿಡಬೇಕಾದ ಅಂತರ ಬಿಡಲಿಲ್ಲವೆಂದು ಪಕ್ಕದ ನಿವಾಸಿಗಳು ಹೂಡಿದ ವ್ಯಾಜ್ಯದಲ್ಲಿ, 2021ರ ಆಗಸ್ಟ್‌ನಲ್ಲಿ ಸುಪ್ರೀಂ ಕೋರ್ಟು ನೋಯ್ಡಾದ ಜೋಡಿ ಗೋಪುರಗಳನ್ನು ಕೆಡವಲು ಹೇಳಿತು. ಒಂದು ವರ್ಷದ ಮೇಲೆ, 2022ರ ಆಗಸ್ಟ್ 28ರಂದು, ಅವು ಕೆಲವೇ ಕ್ಷಣಗಳಲ್ಲಿ ಧೂಳಾದುದನ್ನು ದೇಶವೆಲ್ಲ ದೂರದರ್ಶನದಲ್ಲಿ ನೋಡಿತು. ಆ ನಿವಾಸಿಗಳು ಮೊದಲು ಹೈಕೋರ್ಟಿನ ಮೆಟ್ಟಿಲು ಹತ್ತಿದ್ದು 2012ರಲ್ಲಿ.

ಉಡುಪಿಯ ತೀರ್ಪಿನ ಸುದ್ದಿಯನ್ನು ತಂದೆಗೆ ಓದಿ ಹೇಳಿದವನು ನಾನೇ. ಆಗ ಅವರ ಕಣ್ಣು ಮಂಜಾಗಿತ್ತು. ಕೇಳಿ, ‘ಸಿನಿಮಾ ಮನೆಗೆ ಎಷ್ಟು ಬಾಗಿಲಿದ್ದವಂತೆ?’ ಎಂದರು. ನಾನು ಹೇಳದೆ ಉಳಿದ ಮಾತನ್ನು ಅವರೂ ಕೇಳದೆ ಉಳಿದರು.

ಆ ಅಜ್ಜಿ ಬದುಕಿರುವವರೆಗೆ ಪ್ರತಿ ಸಂಕ್ರಾಂತಿಗೆ ತಂದೆಯೇ ಎಳ್ಳು ಬೆಲ್ಲ ಒಯ್ದು ಕೊಡುತ್ತಿದ್ದರು. ಪಕ್ಕದ ಮನೆಯೊಡನೆ ಮಾತು ಮಾತ್ರ ಬಹಳ ಕಾಲ ಇರಲಿಲ್ಲ. ತೀರ್ಪು ಬಂದ ವರ್ಷದ ದೀಪಾವಳಿಗೆ ಎರಡು ದಿನ ಮೊದಲು ಆ ಮನೆಯ ಹೊಸ ಸೊಸೆ ನಮ್ಮ ಬಾಗಿಲಿಗೆ ಬಂದು ತಾಯಿಯನ್ನು ಕರೆದಳು. ಗೋಡೆಯ ನಿಮ್ಮ ಕಡೆಯ ಮೈಗೆ ಸುಣ್ಣ ಬಳಿಸುತ್ತೇನೆ, ಬೆಳ್ಳಗಿದ್ದರೆ ಒಳಗೆ ಒಂದಿಷ್ಟು ಬೆಳಕು ಬಿದ್ದೀತು ಎಂದಳು. ಅದಕ್ಕೆ ನಮ್ಮ ಓಣಿಯಲ್ಲಿ ಏಣಿ ಇಡಬೇಕು. ಕಟ್ಟಿದವರು ಒಂದು ಅಂಗುಲವನ್ನೂ ಬಿಟ್ಟಿರಲಿಲ್ಲವಷ್ಟೆ. ತಾಯಿ ಒಳಗೆ ಬಂದು ತಂದೆಯ ಮುಖ ನೋಡಿದಳು. ತಂದೆ ಎದ್ದು ಹೋಗಿ ಓಣಿಯ ಬಾಗಿಲ ಚಿಲಕ ತೆಗೆದು ಬಂದು ಕುಳಿತರು. ಆ ಸೊಸೆ ಆ ಮನೆಯಲ್ಲಿರುವವರೆಗೆ ವರ್ಷಕ್ಕೊಮ್ಮೆ ಆ ಏಣಿ ನಮ್ಮ ಓಣಿಗೆ ಬರುತ್ತಿತ್ತು.

ಸುಣ್ಣ ಹೊಸದಾಗಿರುವಾಗ, ಕಾರ್ತಿಕದ ಬೆಳಿಗ್ಗೆ ಎಂಟರಿಂದ ಒಂಬತ್ತರವರೆಗೆ, ಆ ಕೋಣೆಯಲ್ಲಿ ದಪ್ಪ ಅಕ್ಷರದ ಪುಸ್ತಕ ಓದಬಹುದಾಗಿತ್ತು.